ಬಿಸಿನೀರಿನ ಕೊಳದಿಂದ ಬಂದ ಕರಡಿಗೆ

"ಇಲ್ಲಿ ನಿಲ್ಲಿಸ್ತೀನಿ, ನೋಡಿ," ಎಂದು ಲತಾಮಣಿ ಟೀಚರ್ ಮೊಬೈಲಿನ ಮೇಲೆ ಬೆರಳಿಟ್ಟರು. ಪರದೆಯ ಮೇಲೆ ದೇವೀರಪ್ಪ ನಗುತ್ತಾ ನಿಂತುಬಿಟ್ಟರು.

ಸುತ್ತ ಹಿಮ ಬಿದ್ದ ಬೆಟ್ಟ. ನಡುವೆ ಹಬೆಯಾಡುವ ಕೊಳ. ಆ ಬಿಸಿನೀರಿನಲ್ಲಿ ಕುತ್ತಿಗೆಯವರೆಗೆ ಮುಳುಗಿ ಕಣ್ಣು ಮುಚ್ಚಿ ಕೂತ ಕೆಂಪು ಮುಖದ ಕೋತಿಗಳು. ದಂಡೆಯ ಮೇಲೆ, ನೀರಿನಿಂದ ಮಾರು ದೂರದಲ್ಲಿ, ಅರಸೀಕೆರೆಯ ಕೊಬ್ಬರಿ ಮಂಡಿಯ ದೇವೀರಪ್ಪ. ತಲೆಗೆ ಮಂಕಿ ಟೋಪಿ, ಮೈಗೆ ಯಾರದೋ ಎರವಲು ಕೋಟು.

ಟೀಚರ್ ಮತ್ತೆ ಬೆರಳಿಟ್ಟರು. "ನಮ್ಮ ಪ್ಯಾಟೆ ಸಾವ್ಕಾರ್ರು ಕೂತಂಗೆ ಕೂತವೆ ನೋಡ್ರವ್ವ," ಎಂದಿತು ದೇವೀರಪ್ಪನವರ ದನಿ. "ಇವಕ್ಕೆ ಯಾರ ಹಂಗೂ ಇಲ್ಲ."

ಅದಾದ ಮೇಲೆ ಆ ಮನುಷ್ಯ ನಕ್ಕದ್ದು ಯಾರ ಮೊಬೈಲಿನಲ್ಲೂ ಇಲ್ಲ. ಆ ಸಂಜೆ ಊಟ, ಮರುದಿನ ಮುಂಜಾನೆ ತಂಗಿದ್ದ ಹೋಟೆಲಿನ ಬಿಸಿನೀರಿನ ಕೊಳದಲ್ಲಿ ಹೆಣ. ಕೋತಿ, ಕೊಕ್ಕರೆ, ತಲೆಬಾಗುವ ಜಿಂಕೆ ಎಲ್ಲ ನೋಡಿಕೊಂಡು ಬರುತ್ತೇನೆಂದು ಜಪಾನಿಗೆ ಹೋದವರು ಬಿಳಿ ಬಟ್ಟೆ ಸುತ್ತಿದ ಜಾಡಿಯಲ್ಲಿ ಮೂಳೆಯಾಗಿ ಊರಿಗೆ ಬಂದರು.

ಇನ್ಸ್‌ಪೆಕ್ಟರ್ ಕೆಲಸಕ್ಕೆ ರಾಜೀನಾಮೆ ಬಿಸಾಕಿ ಊರಲ್ಲಿ ಕೂತಿದ್ದ ಉಷಾರಾಣಿಗೆ ಇದು ಬರಿ ಕೇಸಾಗಿರಲಿಲ್ಲ. ಸತ್ತವರ ಹೆಂಡತಿ ಬಸಮ್ಮ ಅವಳ ದೊಡ್ಡಪ್ಪನ ಮಗಳು. "ನಾಳೆ ಮಣ್ಣು ಮಾಡ್ತಾರೆ ಕಣೆ ಉಷಾ," ಎಂದಿದ್ದಳು ಬಸಮ್ಮ. "ಮಣ್ಣು ಬೀಳೋದ್ರೊಳಗೆ ಅವರು ಹೆಂಗೆ ಸತ್ರು ಅಂತ ಹೇಳು. ಬಿದ್ಮ್ಯಾಲೆ ನಾನು ಇನ್ಯಾರನ್ನೂ ಕೇಳಾಕಿಲ್ಲ." ಬಸಮ್ಮ ಅವಳನ್ನು ಜನ್ಮದಲ್ಲಿ ಕೇಳಿದ್ದು ಅದೊಂದೇ.

"ಊಟದ್ದು ತೋರಿಸಿ ಟೀಚರ್," ಎಂದಳು ಉಷಾರಾಣಿ.

ಲತಾಮಣಿ ಬೇಲೂರಿನಲ್ಲಿ ಮೂರು ತಲೆಮಾರಿನ ಮಕ್ಕಳಿಗೆ ಪಾಠ ಹೇಳಿದವರು. ಅಂಥವರು ಮೊಬೈಲನ್ನು ಸೆರಗಿನಲ್ಲಿ ಮುಚ್ಚಿಕೊಂಡು, "ಅದರಲ್ಲೇನಿಲ್ಲ ಬಿಡಿ," ಎಂದರು.

"ಏನಿಲ್ಲದಿದ್ರೆ ತೋರಿಸೋಕೇನು?"

ಹಾಳಾಗಿ ಹೋಗಲಿ ಎಂಬಂತೆ ಟೀಚರ್ ಅದನ್ನೂ ಹಾಕಿದರು. ಚಾಪೆಯ ಮೇಲೆ ಸಾಲಾಗಿ ಕೂತ ನಮ್ಮವರು. ಮುಂದೆ ಗಿಡ್ಡ ಮಣೆ, ಮಣೆಯ ತುಂಬ ಪುಟ್ಟ ಪುಟ್ಟ ಬಟ್ಟಲು. ಎರಡು ಕಡ್ಡಿಯಲ್ಲಿ ಅನ್ನ ಎತ್ತಲಾಗದೆ ಎಲ್ಲರಿಗೂ ನಗು. ದೇವೀರಪ್ಪನವರ ಜಾಗ ಮಾತ್ರ ಖಾಲಿ, ಮುಂದಿನ ಬಟ್ಟಲೂ ಬರಿದು.

"ಎಲ್ಲಿ ಹೋಗಿದ್ರು?"

"ಅಡುಗೆಮನೆಗೆ."

ಆ ಅಭ್ಯಾಸ ಅರಸೀಕೆರೆಗೆಲ್ಲ ಗೊತ್ತು. ಮದುವೆ ಮನೆಯಿರಲಿ, ಮಠದ ದಾಸೋಹವಿರಲಿ, ಉಂಡು ಕೈ ತೊಳೆದವರೇ ಅಡುಗೆಯವರ ಮುಂದೆ ನಿಂತು 'ಹೊಟ್ಟೆ ತಣ್ಣಗಾಯ್ತು ತಾಯಿ' ಎಂದು ಕೈಮುಗಿಯದೆ ದೇವೀರಪ್ಪ ಹೊರಡುತ್ತಿರಲಿಲ್ಲ. ಅನ್ನ ಬೇಯಿಸಿದವರಿಗೆ ಕೈಮುಗಿಯದಿದ್ದರೆ ಉಂಡದ್ದು ಮೈಗೆ ಹತ್ತುವುದಿಲ್ಲ ಎನ್ನುತ್ತಿದ್ದರು.

"ಕೈಮುಗಿಯೋಕೆ ಭಾಷೆ ಯಾಕೆ ಅಂತ ಎದ್ದು ಹೋದ್ರು," ಎಂದರು ಲತಾಮಣಿ. "ಅಲ್ಲೊಬ್ಬ ಅಜ್ಜಿ ಕಂದು ಬಣ್ಣದ ಗಟ್ಟಿ ತುಂಡೊಂದನ್ನ ಬಡಗಿ ಹತ್ತರಿ ಹೊಡೆಯೋ ಹಾಗೆ ಹೆರೀತಿದ್ಳಂತೆ. ಹೆರೆದಿದ್ದೆಲ್ಲ ಸಾರಿನ ಪಾತ್ರೆಗೆ. ಇವರ ಕಣ್ಣಿಗೆ ಅದು ಒಣಕೊಬ್ಬರಿ ಥರ ಕಂಡಿದೆ. ಎತ್ತಿ ಮೂಗಿಗೆ ಹಿಡಿದಿದ್ದಾರೆ."

ಕೊಬ್ಬರಿ ಒಣಗಿದೆಯೋ ಮುಗ್ಗಿದೆಯೋ ಎಂದು ಮೂಸಿಯೇ ಹೇಳುತ್ತಿದ್ದ ಮೂಗು ಅದು.

"ಮೀನು," ಎಂದಳು ಉಷಾರಾಣಿ.

"ಒಣಗಿಸಿ, ಹೊಗೆ ಹಾಕಿ, ಕಲ್ಲು ಮಾಡಿದ ಮೀನು. ಮೊದಲನೇ ದಿನದಿಂದ ನಾವು ಚಪ್ಪರಿಸಿಕೊಂಡು ಕುಡಿದ ಸಾರಿಗೆಲ್ಲ ಅದೇ. ಶುದ್ಧ ತರಕಾರಿ ಸಾರು ಅಂತ ಹೇಳಿ ಹೇಳಿ ಬಡಿಸಿದ್ದ, ನಮ್ಮನ್ನೆಲ್ಲ ಕರ್ಕೊಂಡು ಹೋಗಿದ್ದ ಆ ವಿಜಯಸಾರಥಿ."

"ಇಷ್ಟು ದಿನ ಬಾಯಿ ಬಿಡಲಿಲ್ಲವಲ್ಲ ಟೀಚರ್."

"ಹೇಳಿಕೊಳ್ಳೋ ವಿಷಯವಾ ಇದು? ಹೋದವರೆಲ್ಲ ಮನೇಲಿ ಮಡಿ ಅನ್ನೋರು, ಇಲ್ಲ ಲಿಂಗ ಕಟ್ಟಿದೋರು. ನಾನು ಬಂದವಳೇ ಪಂಚಗವ್ಯ ತಗೊಂಡು ಸುಮ್ಮನಾದೆ. ಎಲ್ಲರೂ ಹಾಗೇ ಸುಮ್ಮನಾದ್ರು."

ಪರದೆಯಲ್ಲಿ ದೇವೀರಪ್ಪ ವಾಪಸು ಬಂದಿದ್ದರು. ಮುಖದಲ್ಲಿ ಜೀವವಿರಲಿಲ್ಲ. ವಿಜಯಸಾರಥಿಯ ಮುಂದೆ ನಿಂತು ಮೆಲ್ಲಗೆ ಮಾತಾಡಿದರು. "ಅರಸೀಕೆರೆಗೆ ಹೋಗ್ತಿದ್ದಂಗೆ ಮಠದಲ್ಲಿ ನಿಂತು ಹೇಳ್ತೀನಿ ಕಣಯ್ಯ. ಆಮ್ಯಾಲೆ ನಿನ್ನ ಹಿಂದೆ ಯಾರು ಬತ್ತಾರೋ ನೋಡಾನ."

ಅಲ್ಲಿಗೆ ಚಿತ್ರ ಮುಗಿಯಿತು. ಅಷ್ಟಕ್ಕೆ ಒಬ್ಬ ಮನುಷ್ಯನನ್ನು ಸಾಯಿಸುತ್ತಾರೆಯೇ ಎಂದು ಕೇಳಬಹುದು. ಇದಕ್ಕಿಂತ ಸಣ್ಣದಕ್ಕೆ ಕತ್ತು ಕುಯ್ದವರ ಕೈಗೆ ಉಷಾರಾಣಿ ಬೇಡಿ ಹಾಕಿದ್ದಳು.

*

ವಿಜಯಸಾರಥಿಯನ್ನು ಹುಡುಕಿಕೊಂಡು ಹಳೇಬೀಡಿನ ಬಸ್ಸು ಹತ್ತಿ, ಕಿಟಕಿಗೆ ತಲೆಯಾನಿಸಿ ಕೂತ ಉಷಾರಾಣಿಗೆ ಎರಡೇ ಎರಡು ಸಂಗತಿ ಗಂಟಲಿನಿಂದ ಕೆಳಗಿಳಿಯಲೊಲ್ಲವು.

ಒಂದು, ನೀರು. ದೇವೀರಪ್ಪನವರಿಗೆ ನಿಂತ ನೀರೆಂದರೆ ಆಗದು. ಮದುವೆಯಾದ ಹೊಸತರಲ್ಲಿ ಹೆಂಡತಿಯನ್ನು ಹುಲಿಕೆರೆಯ ಕಲ್ಯಾಣಿ ತೋರಿಸಲು ಕರೆದುಕೊಂಡು ಹೋಗಿ, ತಾವು ಮೇಲಿನ ಮೆಟ್ಟಿಲಲ್ಲೇ ಕಂಬ ಹಿಡಿದು ನಿಂತಿದ್ದರು. ಅಂಥವರು ಕತ್ತಲು ಹರಿಯುವ ಮೊದಲೇ ಒಬ್ಬರೇ ಹೋಗಿ ಎದೆಮಟ್ಟದ ಕೊಳಕ್ಕೆ ಇಳಿದರಂತೆ.

ಇನ್ನೊಂದು, ಲಿಂಗ. ಲಿಂಗವನ್ನಿಟ್ಟ ಬೆಳ್ಳಿಯ ಪುಟ್ಟ ಡಬ್ಬಿ, ಕರಡಿಗೆ, ಅವರ ಎದೆಯ ಮೇಲೆ ಸ್ನಾನ ಮಾಡುವಾಗಲೂ ಇರುತ್ತಿತ್ತು. ಆಪರೇಷನ್ನಿಗೆ ಮಲಗಿಸಿದಾಗ ಡಾಕ್ಟರು ಬಿಚ್ಚಿ ಎಂದರೆ, ಬೇಕಾದರೆ ಆಪರೇಷನ್ ಬಿಡಿ ಎಂದವರು. ಅದು ಜಪಾನಿನಲ್ಲಿ ಬಟ್ಟೆ ಬಿಚ್ಚಿಡುವ ಬುಟ್ಟಿಯಲ್ಲಿ ಸಿಕ್ಕಿತು.

ತನ್ನ ಲಿಂಗ ಹತ್ತು ವರ್ಷದಿಂದ ಬೀರುವಿನಲ್ಲಿದೆ ಎನ್ನುವುದು ಉಷಾರಾಣಿಗೆ ನೆನಪಾಯಿತು. ಯೂನಿಫಾರಮ್ಮಿಗೆ ಅಡ್ಡ ಬರುತ್ತದೆಂದು ತೆಗೆದಿಟ್ಟವಳು ಮತ್ತೆ ಕಟ್ಟಿಕೊಂಡಿರಲಿಲ್ಲ. ಅವಳಿಗೆ ಸಲೀಸಾದದ್ದು ಭಾವನಿಗೆ ಸಲೀಸಲ್ಲ.

ದೇವಸ್ಥಾನದ ಹುಲ್ಲುಹಾಸಿನ ಆಚೆ ವಿಜಯಸಾರಥಿ ಇಬ್ಬರು ಜಪಾನೀ ಮುದುಕರಿಗೆ ಗೋಡೆಯ ಆನೆಸಾಲು ತೋರಿಸುತ್ತಿದ್ದ. ಬೇಲೂರಿನ ಅರ್ಚಕರ ಮನೆ ಹುಡುಗ. ಪ್ರವಾಸಿಗಳ ಹಿಂದೆ ಸುತ್ತಿ ಅವರ ಭಾಷೆ ಕಲಿತವನು, ಆಮೇಲೆ ನಮ್ಮವರನ್ನೇ ಅಲ್ಲಿಗೆ ಕರೆದುಕೊಂಡು ಹೋಗುವ ವ್ಯಾಪಾರ ಹಿಡಿದಿದ್ದ. ಅಲ್ಲಿನ ಪೊಲೀಸರು ಏನೆಂದರು, ಡಾಕ್ಟರು ಏನೆಂದರು, ಅರಸೀಕೆರೆಗೆ ಗೊತ್ತಿದ್ದದ್ದೆಲ್ಲ ಇವನ ಬಾಯಿಂದ ಬಂದದ್ದೇ. ಅವನು ಹೇಳಿದ್ದೇ ಸತ್ಯ, ಬೇರೆ ದಾರಿಯಿರಲಿಲ್ಲ.

"ಸಾರಿಗೆ ಏನು ಹಾಕಿದ್ರು, ವಿಜಯಸಾರಥಿ?" ಎಂದಳು ಹಿಂದಿನಿಂದ.

ಅವನು ತಿರುಗಲಿಲ್ಲ. ಮುದುಕರಿಗೆ ಏನೋ ಹೇಳಿ, ಸೊಂಟ ಬಗ್ಗಿಸಿ, ಅವರನ್ನು ನಂದಿಯ ಮಂಟಪದ ಕಡೆ ಕಳಿಸಿದ. ಆಮೇಲೆ ಗುಡಿಯ ಜಗತಿಕಟ್ಟೆಯ ಅಂಚಿನ ಮೇಲೆ ಕುಕ್ಕರಿಸಿದ.

"ಲತಾಮಣಿ ಟೀಚರ್ ಹೇಳಿದ್ರಾ?"

"ಯಾರು ಹೇಳಿದ್ರೇನು? ನೀವು ಹೇಳಿ."

"ಅಲ್ಲಿ ಮೀನು ಹಾಕದ ಸಾರು ಸಿಗೋದು ಕಷ್ಟ ಮೇಡಂ. ಮುಂಚೆ ಹೇಳಿಟ್ರೆ ದೇವಸ್ಥಾನಗಳಲ್ಲಿ ಮಾಡಿಕೊಡ್ತಾರೆ. ದಿನಾ ಎಲ್ಲಿ ಹುಡುಕ್ಲಿ? ಕಣ್ಣಿಗೆ ಕಾಣಲ್ವಲ್ಲ, ಯಾರಿಗೆ ಗೊತ್ತಾಗುತ್ತೆ ಅಂದ್ಕೊಂಡೆ."

"ನೀವು ಕುಡಿದ್ರಾ ಅದನ್ನ?"

ವಿಜಯಸಾರಥಿ ಕಾಲಬೆರಳು ನೋಡಿಕೊಂಡ.

"ಕೇಳಿದ್ದು ನಿಮ್ಮನ್ನೇ."

"ಇಲ್ಲ," ಎಂದ. "ಅಮ್ಮ ಪುಳಿಯೋಗರೆ ಗೊಜ್ಜು ಕಟ್ಟಿಕೊಟ್ಟಿದ್ರು."

ಉಷಾರಾಣಿಗೆ ಕೈ ಎತ್ತುವಷ್ಟು ಸಿಟ್ಟು ಬಂತು. ತನ್ನ ಮಡಿ ತನ್ನ ಚೀಲದಲ್ಲಿ ಭದ್ರ, ಊರವರದ್ದು ಹೋದರೆ ಹೋಗಲಿ. ದೇವರ ಅಂಗಳವೆಂದು ಕೈಯನ್ನು ಸೆರಗಿನಲ್ಲಿ ಸುತ್ತಿಕೊಂಡಳು.

"ಅದಕ್ಕೇ ಸಾಯಿಸಿದ್ರಾ?"

"ಮೇಡಂ, ನಾನು..."

"ಮಠದಲ್ಲಿ ಹೇಳ್ತೀನಿ ಅಂದಿದ್ರು. ಹೇಳಿದ್ರೆ ನಿಮ್ಮ ವ್ಯಾಪಾರ ಮುಗೀತಿತ್ತು. ಬೆಳಗಾಗೋದ್ರೊಳಗೆ ಸತ್ರು. ಆಮೇಲೆ ಹೆಣ ಸುಟ್ರಿ. ನಮ್ಮಲ್ಲಿ ಕೂರಿಸಿ ಮಣ್ಣು ಮಾಡ್ತಾರೆ, ಲಿಂಗ ಕೈಲಿಟ್ಟು. ಬೇಲೂರಲ್ಲಿ ಹುಟ್ಟಿ ಬೆಳೆದ ನಿಮಗೆ ಅದು ಗೊತ್ತಿರಲಿಲ್ವಾ?"

"ಗೊತ್ತಿತ್ತು."

"ಮತ್ತೆ?"

"ಸುಡಿ ಅಂದಿದ್ದು ನಾನಲ್ಲ. ಕುಮಾರಸ್ವಾಮಿ."

ಉಷಾರಾಣಿ ಅವನ ಮುಖ ನೋಡಿದಳು. ಕುಮಾರಸ್ವಾಮಿ ದೇವೀರಪ್ಪನವರ ಒಬ್ಬನೇ ತಮ್ಮ, ಜಪಾನಿಗೆ ಜೊತೆಗೆ ಹೋದವನು. ಬಸಮ್ಮ ಮದುವೆಯಾಗಿ ಬಂದಾಗ ಮೂಗು ಒರೆಸಿಕೊಳ್ಳಲು ಬಾರದ ಮಗು. ಮಕ್ಕಳಿಲ್ಲದ ಬಸಮ್ಮ ಅವನನ್ನೇ ಮಗನೆಂದು ಸಾಕಿದವಳು.

"ಹೆಣ ಊರಿಗೆ ಕಳಿಸೋದು ತಡ ಆಗುತ್ತೆ, ಆದರೂ ಕಳಿಸೋಣ ಅಂದೆ. ಅವರೇ, ಅತ್ತಿಗೆ ಆ ಮುಖ ನೋಡೋದು ಬೇಡ, ಇಲ್ಲೇ ಮುಗಿಸಿಬಿಡಿ ಅಂತ ಅತ್ತರು. ಬೇಕಾದ್ರೆ ಕೇಳಿ."

ಕೇಳುವುದೇನು ಬಂತು? ಬಸಮ್ಮ ಆ ಮುಖ ನೋಡಿದ್ದರೆ ಏನಾಗುತ್ತಿದ್ದಳೋ. ಯಾರಾದರೂ ಹಾಗೇ ಹೇಳಿಯಾರು ಎಂದು ಉಷಾರಾಣಿ ಅಂದುಕೊಂಡಳು.

"ಅಲ್ಲಿ ಬೂದಿ ಮಾಡೋದಿಲ್ಲ," ವಿಜಯಸಾರಥಿ ಹೇಳುತ್ತಲೇ ಇದ್ದ. "ಮೂಳೆ ಹಾಗೇ ಉಳಿಯುತ್ತೆ. ಮನೆಯವರು ಕಡ್ಡಿಯಲ್ಲಿ ಎತ್ತಿ ಜಾಡಿಗೆ ಹಾಕ್ಬೇಕು. ಕಾಲಿಂದ ಶುರು ಮಾಡಿ ತಲೆ ಮೇಲೆ ಬರೋ ಹಾಗೆ, ತಲೆಕೆಳಗಾಗಬಾರದು ಅಂತ. ಒಂಥರಾ ಕೂರಿಸಿದ ಹಾಗೇ. ಕುಮಾರಸ್ವಾಮಿಗೆ ಒಂದು ಮೂಳೆನೂ ಎತ್ತೋಕಾಗಲಿಲ್ಲ. ಎಲ್ಲಾ ನಾನೇ ಎತ್ತಿದೆ."

ಮಂಟಪದ ಹತ್ತಿರ ಜಪಾನೀ ಮುದುಕಿ ನಂದಿಗೆ ತಲೆಬಾಗಿ ನಮಸ್ಕರಿಸುತ್ತಿದ್ದಳು.

"ಅವತ್ತು ಊಟ ಆದ ಮೇಲೆ ಅವರ ರೂಮಿಗೆ ಹೋಗಿದ್ದೆ," ಎಂದ ವಿಜಯಸಾರಥಿ. "ಕಾಲಿಗೆ ಬಿದ್ದೆ. ಬಯ್ಯಲಿಲ್ಲ ಮೇಡಂ, ಬಯ್ದಿದ್ರೆ ಚೆನ್ನಾಗಿತ್ತು. ಎದೆ ಮೇಲಿನ ಕರಡಿಗೆ ಹಿಡ್ಕೊಂಡು ಕೂತಿದ್ರು. 'ಮೀನು ಇಳಿದಿರೋ ಗಂಟಲಲ್ಲಿ ಮಂತ್ರ ಹೆಂಗೆ ಹೇಳ್ಲಿ ಸಾರಥಿ, ಇದನ್ನ ಕಟ್ಕೊಳ್ಳೋ ಯೋಗ್ಯತೆ ಹೋಯ್ತಲ್ಲ' ಅಂದ್ರು."

ಮುಂದಿನ ಮಾತು ಏನೆಂದು ಉಷಾರಾಣಿಗೆ ಮೊದಲೇ ತಿಳಿಯಿತು, ಬೇಡವೆನಿಸಿತು.

"ಅವರು ಜಾರಿ ಬೀಳಲಿಲ್ಲ. ಲಿಂಗ ತೆಗೆದಿಟ್ಟು ತಾವಾಗೇ ಹೋದ್ರು. ಪೊಲೀಸರು ಅಪಘಾತ ಅಂದ್ರು, ನಾನೂ ಹೂಂ ಅಂದೆ. ಬಸಮ್ಮನವರು ತಡ್ಕೊಳ್ಳಲಿ ಅಂತ."

"ನೀವು ತಪ್ಪಿಸ್ಕೊಳ್ಳೋಣ ಅಂತ."

"ಅದಕ್ಕೂನು."

"ಕುಮಾರಸ್ವಾಮಿ ಎಲ್ಲಿದ್ದ?"

"ರೂಮಲ್ಲಿ ಮಲಗಿದ್ರು. ನಾನೇ ಬಾಗಿಲು ತಟ್ಟಿ ಎಬ್ಬಿಸಿದೆ. ಬುಟ್ಟಿಯಲ್ಲಿ ಮಡಚಿದ ಬಟ್ಟೆ ಮೇಲೆ ಕರಡಿಗೆ ಇತ್ತು. ಅದು ನಾನು ಮುಟ್ಟೋದಲ್ಲ ಅಂತ ಕುಮಾರಸ್ವಾಮಿ ಕೈಯಲ್ಲೇ ತೆಗೆಸಿದೆ."

ಅವನು ಸುಳ್ಳು ಹೇಳುತ್ತಿದ್ದಾನೆಂದು ನಂಬಲು ಉಷಾರಾಣಿ ತುಂಬ ಪ್ರಯತ್ನಪಟ್ಟಳು. ಆಗಲಿಲ್ಲ. ಕೊಲೆಗಾರರನ್ನು ನೋಡಿದ ಕಣ್ಣು ಅವಳದು, ಇಲ್ಲಿ ಕೂತಿದ್ದವನು ಬರಿ ಹೇಡಿ.

"ನಾಳೆ ಮಣ್ಣಿಗೆ ಬರ್ಲಾ ಮೇಡಂ?" ಎಂದು ಕೇಳಿದ.

ಅವಳು ಉತ್ತರ ಕೊಡದೆ ಬಸ್‌ಸ್ಟಾಂಡಿನ ಕಡೆ ನಡೆದಳು. ಹುಡುಕಿ ಹೊರಟ ಉತ್ತರ ಸಿಕ್ಕಿತ್ತು. ಅದನ್ನು ತೆಗೆದುಕೊಂಡು ಹೋಗಿ ಬಸಮ್ಮನ ಮಡಿಲಿಗೆ ಹೇಗೆ ಹಾಕುವುದು? ನಿನ್ನ ಗಂಡ ಒಂದು ಬಟ್ಟಲು ಸಾರಿಗಾಗಿ ಸತ್ತ, ಲಿಂಗ ಬಿಚ್ಚಿಟ್ಟು ಸತ್ತ ಎಂದು ಯಾವ ಬಾಯಲ್ಲಿ ಹೇಳುವುದು? ಜಾವಗಲ್ ದಾಟಿ ಅರಸೀಕೆರೆ ಬರುವವರೆಗೂ ಅವಳು ಕಣ್ಣೊರೆಸಿಕೊಳ್ಳುತ್ತಲೇ ಇದ್ದಳು.

*

ಬೆಳಿಗ್ಗೆ ಬಸಮ್ಮ ನಡುಮನೆಯಲ್ಲಿ ಕೂತು ಗಂಡನ ಕರಡಿಗೆಯನ್ನು ವಿಭೂತಿ ಹಚ್ಚಿ ಉಜ್ಜುತ್ತಿದ್ದಳು. ಹೊರಗಿನ ಬೆಳ್ಳಿಯನ್ನಷ್ಟೇ ಉಜ್ಜಿದಳು, ಮುಚ್ಚಳ ತೆಗೆಯಲಿಲ್ಲ.

"ಒಳಗಿರೋದು ಅವರದ್ದು, ನಾನು ಮುಟ್ಟಂಗಿಲ್ಲ. ಮಠದ ಅಯ್ನೋರೇ ತೆಗೀತಾರೆ," ಎಂದಳು. "ಅಣ್ಣ ತಮ್ಮ ಇಬ್ರಿಗೂ ಒಂದೇ ಅಚ್ಚಿನವು ಮಾಡ್ಸಿದ್ದೆ ಕಣೆ. ಇದು ಒಂಟಿಯಾಯ್ತು."

ಪಕ್ಕದ ಕೋಣೆಯಿಂದ ಕುಮಾರಸ್ವಾಮಿ ಬಂದ. ಗಡ್ಡ ಬಿಟ್ಟು, ಕಣ್ಣು ಗುಳಿಬಿದ್ದು, ನಲವತ್ತರ ಮನುಷ್ಯ ಅರವತ್ತರವನ ಹಾಗೆ ಕಾಣುತ್ತಿದ್ದ. ಅಡುಗೆಮನೆಯ ಬಾಗಿಲಲ್ಲೇ ನಿಂತು ಉಪ್ಪಿಟ್ಟಿನ ತಟ್ಟೆ ಇಸಿದುಕೊಂಡು, ಎರಡು ತುತ್ತು ತಿಂದು, ಸಮಾಧಿಯ ಗುಣಿಯ ಕೆಲಸ ನೋಡಬೇಕೆಂದು ತೋಟಕ್ಕೆ ಹೊರಟುಹೋದ.

"ಪೂಜೆ ಮಾಡ್ದೆ ಹನಿ ನೀರು ಮುಟ್ತಿರ್ಲಿಲ್ಲ ನನ್ನ ಕೂಸು," ಎಂದಳು ಬಸಮ್ಮ. "ಅಲ್ಲಿಂದ ಬಂದ ಮ್ಯಾಲೆ ಒಂದಿನಾನೂ ಕರಡಿಗೆ ಬಿಚ್ಚಿಲ್ಲ. ಅಣ್ಣನ ಜೊತೆ ಅವನ ದೇವ್ರೂ ಹೋದ ಅಂತ ನಾನೂ ಏನೂ ಅನ್ನಲಿಲ್ಲ."

ಸಂಕಟ ಒಬ್ಬೊಬ್ಬರಿಗೆ ಒಂದೊಂದು ಥರ ಎಂದುಕೊಂಡಳು ಉಷಾರಾಣಿ. ಪತ್ತೇದಾರಳಂತೆ ಯೋಚಿಸುವ ಶಕ್ತಿ ಅವಳಲ್ಲಿ ಉಳಿದಿರಲಿಲ್ಲ.

"ಹೋಗಿದ್ದ ಕೆಲಸ ಆಯ್ತೇನೆ?"

"ಆಯ್ತಕ್ಕ."

"ಹೆಂಗೆ ಸತ್ರು?"

"ಜಾರಿ ಬಿದ್ರು, ಅಕ್ಕ. ಯಾರ ತಪ್ಪೂ ಇಲ್ಲ."

ಬಸಮ್ಮ ಅವಳನ್ನೇ ದಿಟ್ಟಿಸಿದಳು. "ನೀರು ಕಂಡ್ರೆ ಆಗದೋರು, ಒಬ್ರೇ ಯಾಕೆ ಹೋದ್ರು?"

ಉಷಾರಾಣಿ ವಿಭೂತಿ ಗಟ್ಟಿಯನ್ನು ಅವಳ ಹತ್ತಿರ ಸರಿಸಿದಳು. ಬಸಮ್ಮ ಮತ್ತೆ ಬೆಳ್ಳಿ ಉಜ್ಜಲು ಹತ್ತಿದಳು. "ಆಯ್ತು ಬಿಡು. ನೀನೂ ಹೇಳಾಕಿಲ್ಲ ಅಂದ್ರೆ ನನ್ನ ಹಣೇಲಿ ತಿಳ್ಕೊಳ್ಳೋದು ಬರ್ದಿಲ್ಲ," ಎಂದಳು.

*

ಜಾವಗಲ್ ರಸ್ತೆಯ ತೆಂಗಿನ ತೋಟದಲ್ಲಿ ಗುಣಿ ತೋಡಿ ಆಗಿತ್ತು. ಬೇಲಿಯ ಹತ್ತಿರ ವಿಜಯಸಾರಥಿ ಹೂವಿನ ಹಾರ ಹಿಡಿದು, ಒಳಗೆ ಬರುವ ಧೈರ್ಯ ಸಾಲದೆ ನಿಂತಿದ್ದ.

ಸುಟ್ಟ ಮೂಳೆಗೆ ಎಂಥ ಸಮಾಧಿ ಎಂದು ನಾಲ್ಕು ಜನ ಗೊಣಗಿದ್ದುಂಟು. ಕಾಲಿಂದ ತಲೆಯವರೆಗೆ ಜೋಡಿಸಿದ್ದಾರೆಂದು ಉಷಾರಾಣಿ ತಿಳಿಸಿದಾಗ ಮಠದ ಅಯ್ಯನವರು ಕಣ್ಣು ಮುಚ್ಚಿ ಕ್ಷಣ ಯೋಚಿಸಿ, "ಹಂಗಾದ್ರೆ ಶರಣರು ಕೂತೇ ಅವರೆ. ನಡೀಲಿ," ಎಂದು ಬಾಯಿ ಮುಚ್ಚಿಸಿದ್ದರು.

ಕುಮಾರಸ್ವಾಮಿ ಗುಣಿಗೆ ಇಳಿದು ಜಾಡಿಯನ್ನು ಪಕ್ಕದಲ್ಲಿ ಕೊರೆದ ಗೂಡಿನಲ್ಲಿಟ್ಟ. ವಿಭೂತಿ ಸುರಿದರು, ಬಿಲ್ವಪತ್ರೆ ಹಾಕಿದರು. ಅವನು ಮೇಲೆ ಹತ್ತಿ ಬಂದು, ಮೈಮೇಲಿನ ಮಣ್ಣು ಕೂಡ ಕೊಡವದೆ ಅತ್ತಿಗೆಯ ಪಕ್ಕ ನಿಂತ.

"ಕರಡಿಗೆ ತತ್ತಾ ತಾಯಿ," ಎಂದರು ಅಯ್ಯನವರು.

ಬಸಮ್ಮ ಕೊಟ್ಟಳು. ಅವರು ಮುಚ್ಚಳ ತಿರುವಿ, ಬಿಳಿ ವಸ್ತ್ರದ ಮೇಲೆ ಲಿಂಗವನ್ನಿಟ್ಟು, ಕೊನೆಯ ದರ್ಶನ ಮಾಡು ಎಂದು ಅವಳ ಮುಂದೆ ಹಿಡಿದರು.

ಬಸಮ್ಮ ಕೈಮುಗಿಯಲು ಬಾಗಿದವಳು ಬಾಗಿದಂತೆಯೇ ನಿಂತಳು. ಸುತ್ತಲಿದ್ದವರು ದುಃಖ ಉಕ್ಕಿತೆಂದುಕೊಂಡರು. ತೋಳು ಹಿಡಿದುಕೊಂಡಿದ್ದ ಉಷಾರಾಣಿಗೆ ಮಾತ್ರ ಆ ಮೈ ಮರದಂತೆ ಬಿಗಿಯಾದದ್ದು ತಿಳಿಯಿತು.

"ಏನಕ್ಕ?" ಎಂದಳು ಕಿವಿಯ ಹತ್ತಿರ.

"ಇದು ಅವರದ್ದಲ್ಲ."

"ಏನಂದೆ?"

"ದಿನಾ ಪೂಜೆಗೆ ನೀರು ಕೊಟ್ಟೋಳು ನಾನು. ಅವರ ಅಂಗೈ ಮ್ಯಾಲೆ ನೋಡಿಲ್ವಾ?" ಬಸಮ್ಮನ ದನಿ ಉಸಿರಿಗಿಂತ ಸಣ್ಣಗಿತ್ತು. "ಕರೀ ಲೇಪ ಒಂದು ಕಡೆ ಚೂರು ಎದ್ದೈತೆ ನೋಡು. ಜಗಲಿ ಕಲ್ಲಿನ ಮ್ಯಾಲೆ ಬೀಳಿಸ್ಕೊಂಡಿದ್ದ, ಹುಡುಗನಾಗಿದ್ದಾಗ. ಅಣ್ಣ ಸಾಯಿಸ್ತಾರೆ ಅಂತ ನನ್ನ ಸೀರೆಗೆ ಮುಖ ಒತ್ಕೊಂಡು ಅತ್ತಿದ್ದ. ಇವತ್ತಿನ ತಂಕ ನಾನು ಯಾರಿಗೂ ಹೇಳಿಲ್ಲ ಕಣೆ. ಇದು ಕುಮಾರಂದು."

ಉಷಾರಾಣಿಯ ತಲೆಯಲ್ಲಿ ಹಳೇಬೀಡಿನಲ್ಲಿ ಕೇಳಿದ್ದೆಲ್ಲ ಒಮ್ಮೆಲೇ ಮಗುಚಿ ಬಿತ್ತು. ಇಬ್ಬರ ಲಿಂಗ ಅದಲುಬದಲಾಗಬೇಕಾದರೆ ಇಬ್ಬರೂ ಒಂದೇ ಕಡೆ ಬಿಚ್ಚಿಟ್ಟಿರಬೇಕು. ಆ ಮುಂಜಾನೆ ಕೊಳದ ಹತ್ತಿರ ಇಬ್ಬರಿದ್ದರು. ಒಬ್ಬರು ನೀರಿನಲ್ಲಿ ಉಳಿದರು. ಇನ್ನೊಬ್ಬ ಕತ್ತಲಲ್ಲಿ ಬುಟ್ಟಿಗೆ ಕೈ ಹಾಕಿ, ಸಿಕ್ಕಿದ ಕರಡಿಗೆ ಕೊರಳಿಗೆ ಹಾಕಿಕೊಂಡು, ರೂಮಿಗೆ ಓಡಿ ಹೊದ್ದುಕೊಂಡು ಮಲಗಿದ.

ಊರಿಗೆ ಬಂದ ಮೇಲೆ ಒಂದೇ ಒಂದು ದಿನ ಪೂಜೆಗೆ ಕೂತಿದ್ದರೂ ಅವನಿಗೆ ಗೊತ್ತಾಗಿಬಿಡುತ್ತಿತ್ತು. ಯಾರಿಗೂ ತಿಳಿಯದಂತೆ ಬದಲಾಯಿಸಿ ಇಡಬಹುದಿತ್ತು. ಲಿಂಗದ ಮುಖ ನೋಡುವ ಧೈರ್ಯ ಅವನಿಗಿರಲಿಲ್ಲ, ಹಾಗಾಗಿ ಬಿಚ್ಚಲಿಲ್ಲ.

"ಅಕ್ಕ," ಎಂದಳು ಉಷಾರಾಣಿ. ಸುಮ್ಮನಿರು ಎನ್ನಬೇಕೆನಿಸಿತು, ಜನರೆದುರು ಬೇಡ ಎನ್ನಬೇಕೆನಿಸಿತು. ಇಷ್ಟು ವರ್ಷ ಅವನನ್ನು ಸೆರಗಿನಲ್ಲಿ ಮುಚ್ಚಿಕೊಂಡವಳು ಇವತ್ತೂ ಮುಚ್ಚಿಕೊಂಡರೆ ಇಬ್ಬರಲ್ಲಿ ಒಬ್ಬರಾದರೂ ಅವಳಿಗೆ ಉಳಿಯುತ್ತಾರೆ. ಬಸಮ್ಮನಿಗೂ ಅದು ಹೊಳೆದಿರಬೇಕು. ಗುಣಿಯೊಳಗಿನ ಜಾಡಿ ನೋಡಿದಳು, ಮೈದುನನ ಮುಖ ನೋಡಿದಳು. ಅವಳ ಕಣ್ಣಿಂದ ಒಂದು ಹನಿಯೂ ಬೀಳಲಿಲ್ಲ.

"ಕುಮಾರ."

"ಅತ್ಗೆಮ್ಮ."

"ನಿನ್ನ ಕೊರಳಲ್ಲಿರೋದು ತೆಗಿಯಪ್ಪ. ನಿಮ್ಮಣ್ಣನ ಕೈಗೆ ಕೊಡ್ಬೇಕು."

ಅವನಿಗೆ ಅರ್ಥವಾಗಲಿಲ್ಲ. ಅಯ್ಯನವರ ಕೈಯಲ್ಲಿದ್ದದ್ದನ್ನು ನೋಡಿದ, ಇನ್ನೊಮ್ಮೆ ಬಗ್ಗಿ ನೋಡಿದ. ಲೇಪ ಎದ್ದ ಆ ಚೂರು ಅವನ ಕಣ್ಣಿಗೆ ಬಿತ್ತು. ಕೈ ತಾನಾಗಿ ಎದೆಗೆ ಹೋಯಿತು. ತನ್ನ ಕರಡಿಗೆಯ ಮುಚ್ಚಳ ತೆರೆದ. ಒಳಗೆ ದೇವೀರಪ್ಪನವರ ಲಿಂಗವಿತ್ತು, ದಿನಾ ಪೂಜೆಯ ವಿಭೂತಿ ಇನ್ನೂ ಅಂಚಿಗೆ ಮೆತ್ತಿಕೊಂಡಿತ್ತು.

"ನೀನು ರೂಮಲ್ಲಿ ಮಲಗಿದ್ದೆ ಅಂದ್ನಲ್ಲೋ ಆ ಸಾರಥಿ," ಎಂದಳು ಉಷಾರಾಣಿ.

ಕುಮಾರಸ್ವಾಮಿ ಅಣ್ಣನ ಲಿಂಗವನ್ನು ಅಯ್ಯನವರ ಕಡೆ ಚಾಚಿದ. "ಬಿಸಿನೀರಲ್ಲಿ ಮಿಂದು ಪೂಜೆ ಮಾಡಿದ್ರೆ ಎಲ್ಲಾ ಹೋಯ್ತದೆ ಬಾ ಅಂತ ನಾನೇ ಕರ್ಕೊಂಡು ಹೋದೆ ಅತ್ಗೆಮ್ಮ. ಮೀನು ಮುಟ್ಟಿದ ಮೈಮ್ಯಾಲೆ ಬ್ಯಾಡ ಅಂತ ಇಬ್ರೂ ಕರಡಿಗೆ ಬಿಚ್ಚಿಟ್ವಿ. ಕೈ ಹಿಡ್ಕೊಂಡೇ ಇಳಿಸಿದೆ. ನಾನು ಕೊಂದಿಲ್ಲ."

"ಮತ್ತೆ ಯಾಕಪ್ಪ ಓಡಿದೆ?" ಎಂದಳು ಬಸಮ್ಮ.

ಅವನು ತಲೆಯೆತ್ತಿ ಬಸಮ್ಮನ ಹೆಗಲಾಚೆ, ಬೇಲಿಯ ಕಡೆ ನೋಡಿದ. ಉಷಾರಾಣಿ ತಿರುಗಿದಳು. ಬೇಲಿಯ ಮೇಲೆ ಹೂವಿನ ಹಾರ ಮಾತ್ರ ತೂಗುತ್ತಿತ್ತು, ಅದನ್ನು ಹಿಡಿದಿದ್ದವನು ಅಲ್ಲಿರಲಿಲ್ಲ.

"ಅಲ್ಲಿ ನಾವಿಬ್ರೇ ಇರ್ಲಿಲ್ಲ, ಅತ್ಗೆಮ್ಮ," ಎಂದ ಕುಮಾರಸ್ವಾಮಿ.

ಹಾರೆ ಗುದ್ದಲಿ ಹಿಡಿದು ಕಾಯುತ್ತಿದ್ದ ಆಳುಗಳ ಕಡೆ ಬಸಮ್ಮ ಕೈ ಎತ್ತಿದಳು.

"ಮಣ್ಣು ಹಾಕ್ಬ್ಯಾಡ್ರಪ್ಪ," ಎಂದಳು. "ನನ್ನ ಗಂಡ ಇನ್ನೂ ಕೇಳ್ತಾ ಕೂತವರೆ."